ಕಾಣದ ನಟ: ಥಾಮಸ್ ಡಾನೆಬರ್ಗ್ ಮತ್ತು ಜರ್ಮನಿಯ ಕಂಠದಾನ ಕಲೆ

೧

ಇಪ್ಪತ್ತನೆಯ ಶತಮಾನದ ಕೊನೆಯ ದಶಕಗಳಲ್ಲಿ ಜರ್ಮನಿಯ ಚಿತ್ರಮಂದಿರಗಳಿಗೆ ಹೋದ ಪ್ರೇಕ್ಷಕನು ಅಮೆರಿಕದ ಸಿಲ್ವೆಸ್ಟರ್ ಸ್ಟಲೋನ್, ಆಸ್ಟ್ರಿಯದಲ್ಲಿ ಹುಟ್ಟಿದ ಆರ್ನಾಲ್ಡ್ ಶ್ವಾರ್ಜನೆಗರ್, ಇಟಲಿಯ ಟೆರೆನ್ಸ್ ಹಿಲ್ ಮತ್ತು ಆಡ್ರಿಯಾನೋ ಚೆಲೆಂಟಾನೋ, ಇಂಗ್ಲೆಂಡಿನ ಜಾನ್ ಕ್ಲೀಸ್ ಎಂಬ ಐವರು ನಟರನ್ನು ಬೇರೆ ಬೇರೆ ಚಿತ್ರಗಳಲ್ಲಿ ಕಂಡನು. ಕಣ್ಣಿಗೆ ಇವರು ಐವರು. ಕಿವಿಗೆ ಮಾತ್ರ ಬಹುಮಟ್ಟಿಗೆ ಒಬ್ಬರೇ. ಆ ಒಬ್ಬರು ೧೯೪೨ರಲ್ಲಿ ಬರ್ಲಿನ್ ನಗರದಲ್ಲಿ ಜನಿಸಿ ೨೦೨೩ರಲ್ಲಿ ನಿಧನರಾದ ಥಾಮಸ್ ಡಾನೆಬರ್ಗ್. ಸಾವಿರಕ್ಕೂ ಮೀರಿದ ಪಾತ್ರಗಳಿಗೆ ಅವರು ಜರ್ಮನ್ ಮಾತನ್ನು ಕೊಟ್ಟರು. ಕೋಟ್ಯಂತರ ಜನರು ಅವರ ಧ್ವನಿಯನ್ನು ಬಲ್ಲವರಾಗಿದ್ದರು; ಮುಖವನ್ನು ಬಲ್ಲವರು ವಿರಳ.

ಚಲನಚಿತ್ರದ ಇತಿಹಾಸವನ್ನು ಬರೆದವರು ನಿರ್ದೇಶಕರ, ನಟರ, ಛಾಯಾಗ್ರಾಹಕರ ಚರಿತ್ರೆಯನ್ನು ವಿಸ್ತಾರವಾಗಿ ಹೇಳಿದ್ದಾರೆ. ಪರಭಾಷೆಯ ಚಿತ್ರವು ಇನ್ನೊಂದು ನಾಡನ್ನು ಸೇರಿದಾಗ ಅದಕ್ಕೆ ನಾಲಗೆಯನ್ನು ಕೊಟ್ಟವರ ಚರಿತ್ರೆಗೆ ಅಷ್ಟು ಸ್ಥಳ ದೊರೆತಿಲ್ಲ. ಕನ್ನಡ ನಾಡಿನಲ್ಲಂತೂ ೧೯೬೦ರ ದಶಕದಿಂದ ಬಹುಕಾಲ ಡಬ್ಬಿಂಗ್ ವಿರೋಧವು ಪ್ರಬಲವಾಗಿದ್ದುದರಿಂದ, ಈ ವಿಷಯವನ್ನು ಎತ್ತಿದೊಡನೆ ‘ಅದು ಬೇಕೇ, ಬೇಡವೇ’ ಎಂಬ ಪ್ರಶ್ನೆಯೇ ಮುಂದೆ ಬಂದು ನಿಲ್ಲುತ್ತದೆ. ಜರ್ಮನಿಯಲ್ಲಿ ಆ ಪ್ರಶ್ನೆ ೧೯೩೦ರ ದಶಕದಲ್ಲಿಯೇ ಬಹುಮಟ್ಟಿಗೆ ಇತ್ಯರ್ಥವಾಯಿತು. ಅಲ್ಲಿ ಉಳಿದುಕೊಂಡ ಪ್ರಶ್ನೆ ಬೇರೆಯದು: ಹೀಗೆ ಕಂಠವನ್ನು ಕೊಡುವವನು ನಟನೇ, ಅಥವಾ ಬರೆದುದನ್ನು ಓದಿ ಹೇಳುವ ಕೆಲಸಗಾರನೇ? ಜರ್ಮನ್ ಭಾಷೆಯಲ್ಲಿ ಈ ವೃತ್ತಿಗೆ ರೂಢಿಯಲ್ಲಿರುವ ‘ಜಿಂಕ್ರೋನ್ ಶ್ಪ್ರೆಶರ್’ ಎಂಬ ಹೆಸರಿನ ಅರ್ಥ ‘ಹೊಂದಿಸಿ ಮಾತನಾಡುವವನು’ ಎಂದಷ್ಟೆ. ವೃತ್ತಿಯಲ್ಲಿರುವ ಅನೇಕರು ‘ಮಾತನಾಡುವವನು’ ಎಂಬುದರ ಬದಲಿಗೆ ‘ನಟ’ ಎಂಬ ಅರ್ಥವುಳ್ಳ ಪದವನ್ನೇ ಬಳಸಬೇಕೆಂದು ಬಯಸುತ್ತಾರೆ. ಇದು ಬರಿಯ ಹೆಸರಿನ ಜಗಳವಲ್ಲವೆಂಬುದನ್ನು ಡಾನೆಬರ್ಗ್ ಅವರ ವೃತ್ತಿಜೀವನವನ್ನು ಆಧಾರವಾಗಿಟ್ಟುಕೊಂಡು ತೋರಿಸುವುದು ಪ್ರಕೃತ ಲೇಖನದಲ್ಲಿ ನಮ್ಮ ಉದ್ದೇಶ.

೨

ಮೊದಲು ಹಿನ್ನೆಲೆಯನ್ನು ನೋಡೋಣ. ಮೂಕಚಿತ್ರಕ್ಕೆ ಭಾಷೆಯ ಗಡಿ ಇರಲಿಲ್ಲ. ನಡುನಡುವೆ ಬರುವ ಬರಹದ ಫಲಕಗಳನ್ನು ಬದಲಾಯಿಸಿದರೆ ಸಾಕು, ಚಿತ್ರ ಯಾವ ದೇಶದಲ್ಲಾದರೂ ನಡೆಯುತ್ತಿತ್ತು. ೧೯೨೯-೩೦ರ ಸುಮಾರಿಗೆ ವಾಕ್ಚಿತ್ರವು ಯೂರೋಪಿನಲ್ಲಿ ನೆಲೆಗೊಂಡಾಗ ಈ ಅನುಕೂಲ ತಪ್ಪಿತು. ಆಗ ನಿರ್ಮಾಪಕರು ಕಂಡುಕೊಂಡ ಮೊದಲ ಉಪಾಯವೆಂದರೆ ಒಂದೇ ಕಥೆಯನ್ನು ಒಂದೇ ರಂಗಸಜ್ಜಿಕೆಯಲ್ಲಿ ಹಲವು ಭಾಷೆಗಳಲ್ಲಿ ಬೇರೆಬೇರೆಯಾಗಿ ಚಿತ್ರೀಕರಿಸುವುದು. ಪ್ಯಾರಿಸ್ ಬಳಿಯ ಜುವಾಂವಿಲ್ಲಿನಲ್ಲಿ ಪ್ಯಾರಮೌಂಟ್ ಸಂಸ್ಥೆ ಇದಕ್ಕಾಗಿಯೇ ಸ್ಟುಡಿಯೋ ನಡೆಸಿತು. ೧೯೩೦ರ ‘ನೀಲಿ ದೇವತೆ’ ಎಂಬ ಪ್ರಸಿದ್ಧ ಜರ್ಮನ್ ಚಿತ್ರವೂ ಜರ್ಮನ್ ಮತ್ತು ಇಂಗ್ಲಿಷ್ ಎರಡರಲ್ಲಿಯೂ ತಯಾರಾಯಿತು. ಆದರೆ ಈ ಕ್ರಮ ದುಬಾರಿ. ಮೇಲಾಗಿ ಪ್ರೇಕ್ಷಕನು ನೋಡಬಯಸಿದ್ದು ಮೂಲದ ತಾರೆಯನ್ನೇ ಹೊರತು ಅವನ ಸ್ಥಾನದಲ್ಲಿ ನಿಂತ ಬದಲಿ ನಟನನ್ನಲ್ಲ. ಮುಖವನ್ನು ಉಳಿಸಿಕೊಂಡು ಮಾತನ್ನು ಮಾತ್ರ ಬದಲಿಸುವ ಮಾರ್ಗವು ಹೀಗೆ ಮೇಲುಗೈ ಪಡೆಯಿತು.

ಈ ಮಾರ್ಗವು ಎಲ್ಲ ದೇಶಗಳಲ್ಲಿಯೂ ನಿಲ್ಲಲಿಲ್ಲವೆಂಬುದು ಗಮನಾರ್ಹ. ನೆದರ್ಲೆಂಡ್ಸ್ ಮತ್ತು ಸ್ಕ್ಯಾಂಡಿನೇವಿಯದ ದೇಶಗಳು ಚಿತ್ರದ ಕೆಳಗೆ ಅಡಿಬರಹವನ್ನು ಹಾಕಿ ತೃಪ್ತಿಪಟ್ಟವು. ಜರ್ಮನಿ, ಇಟಲಿ, ಸ್ಪೇನ್ ದೇಶಗಳು ಡಬ್ಬಿಂಗನ್ನು ಆರಿಸಿಕೊಂಡವು. ಇದಕ್ಕೆ ಮುಖ್ಯ ಕಾರಣ ಆರ್ಥಿಕವಾದದ್ದು. ಜರ್ಮನಿ, ಆಸ್ಟ್ರಿಯ, ಜರ್ಮನ್ ಮಾತನಾಡುವ ಸ್ವಿಟ್ಸರ್ಲೆಂಡ್ ಇವೆಲ್ಲ ಒಂದೇ ಮಾರುಕಟ್ಟೆಯಾದುದರಿಂದ ಡಬ್ಬಿಂಗಿಗೆ ತಗಲುವ ಹೆಚ್ಚಿನ ವೆಚ್ಚವು ಅಲ್ಲಿ ಮರಳಿ ಬರುತ್ತಿತ್ತು. ಸಣ್ಣ ಭಾಷೆಗಳಿಗೆ ಆ ಭರವಸೆ ಇರಲಿಲ್ಲ.

ಮಾತನ್ನು ಬದಲಿಸಬಲ್ಲವನು ಅರ್ಥವನ್ನೂ ಬದಲಿಸಬಲ್ಲನು. ಎರಡನೆಯ ಮಹಾಯುದ್ಧದ ನಂತರ ಪಶ್ಚಿಮ ಜರ್ಮನಿಯಲ್ಲಿ ಇದು ಸ್ಪಷ್ಟವಾಗಿ ಕಂಡುಬಂದಿತು. ಹಿಚ್‌ಕಾಕನ ‘ನೊಟೋರಿಯಸ್’ ಚಿತ್ರವು (೧೯೪೬) ೧೯೫೧ರಲ್ಲಿ ಅಲ್ಲಿಗೆ ಬಂದಾಗ ಅದರ ಹೆಸರು ‘ಬಿಳಿಯ ವಿಷ’ ಎಂದಾಯಿತು. ಮೂಲದಲ್ಲಿ ಯುರೇನಿಯಂ ಕೂಡಿಡುತ್ತಿದ್ದ ನಾಟ್ಸಿಗಳು ಮಾದಕ ವಸ್ತುಗಳ ಕಳ್ಳಸಾಗಣೆಗಾರರಾದರು. ೧೯೫೨ರಲ್ಲಿ ಬಂದ ‘ಕಾಸಾಬ್ಲಾಂಕ’ದ ಜರ್ಮನ್ ಆವೃತ್ತಿಯಿಂದ ಸುಮಾರು ೨೫ ನಿಮಿಷಗಳ ಭಾಗವನ್ನು ಕತ್ತರಿಸಲಾಯಿತು. ಜರ್ಮನ್ ಸೇನಾಧಿಕಾರಿ ಸ್ಟ್ರಾಸರನ ಪಾತ್ರವೇ ಅದರಲ್ಲಿ ಇಲ್ಲ; ನಾಟ್ಸಿ ವಿರೋಧಿ ಹೋರಾಟಗಾರನಾದ ವಿಕ್ಟರ್ ಲಾಸ್ಲೋ ನಾರ್ವೆ ದೇಶದ ಲಾರ್ಸೆನ್ ಎಂಬ ಭೌತವಿಜ್ಞಾನಿಯಾಗಿ ಮಾರ್ಪಟ್ಟನು. ತಮ್ಮ ಸಮೀಪದ ಗತಕಾಲವನ್ನು ಪರದೆಯ ಮೇಲೆ ಎದುರಿಸಲು ಪ್ರೇಕ್ಷಕರು ಸಿದ್ಧರಿಲ್ಲವೆಂದು ವಿತರಕರು ಭಾವಿಸಿದುದೇ ಇದಕ್ಕೆ ಕಾರಣ. ಮೂಲಕ್ಕೆ ನಿಷ್ಠವಾದ ಪೂರ್ಣ ಆವೃತ್ತಿ ಜರ್ಮನ್ ದೂರದರ್ಶನದಲ್ಲಿ ಬಂದುದು ೧೯೭೫ರಲ್ಲಿ. ಹಂಫ್ರೀ ಬೋಗಾರ್ಟನಿಗೆ ೧೯೫೨ರಲ್ಲಿ ಪೌಲ್ ಕ್ಲಿಂಗರ್ ಎಂಬ ನಟರೂ ೧೯೭೫ರಲ್ಲಿ ಯೋಆಖಿಮ್ ಕೆಮರ್ ಎಂಬ ನಟರೂ ಕಂಠವನ್ನು ಕೊಟ್ಟರು. ಒಂದೇ ಮುಖ ಎರಡು ತಲೆಮಾರುಗಳಿಗೆ ಎರಡು ಬಗೆಯ ಚರಿತ್ರೆಯನ್ನು ಹೇಳಿತು. ಡಾನೆಬರ್ಗ್ ಅವರು ಬೆಳೆದು ದೊಡ್ಡವರಾದುದು ಇಂತಹ ಚಿತ್ರಗಳನ್ನು ತಯಾರಿಸಿದ, ತೋರಿಸಿದ ನಾಡಿನಲ್ಲಿ.

೩

ಬರ್ಲಿನ್ ಈ ಉದ್ಯಮದ ಮುಖ್ಯ ಕೇಂದ್ರವಾಗಿದ್ದಿತು. ೧೯೪೫ರಲ್ಲಿಯೇ ಐಸೆನ್‌ಸ್ಟೈನನ ‘ಐವಾನ್ ದಿ ಟೆರಿಬಲ್’ ಎಂಬ ಸೋವಿಯತ್ ಚಿತ್ರಕ್ಕೆ ವೋಲ್ಫ್‌ಗಾಂಗ್ ಷ್ಟೌಟೆ ಅವರ ನಿರ್ದೇಶನದಲ್ಲಿ ಅಲ್ಲಿ ಜರ್ಮನ್ ಮಾತು ಸಿದ್ಧವಾಯಿತು. ೧೯೪೯ರಲ್ಲಿ ವೆಂಟ್ಸೆಲ್ ಲ್ಯುಡೆಕೆ ಅವರು ನಗರದ ಪಶ್ಚಿಮ ಭಾಗದಲ್ಲಿ ‘ಬರ್ಲಿನರ್ ಜಿಂಕ್ರೋನ್’ ಸಂಸ್ಥೆಯನ್ನು ಸ್ಥಾಪಿಸಿದರು. ಪೂರ್ವ ಭಾಗದಲ್ಲಿ ಡೇಫಾ ಎಂಬ ಸರಕಾರಿ ಚಿತ್ರಸಂಸ್ಥೆ ತನ್ನದೇ ಡಬ್ಬಿಂಗ್ ಸ್ಟುಡಿಯೋ ನಡೆಸಿತು. ಒಡೆದ ನಗರದ ಎರಡೂ ಕಡೆ ಈ ಕಲೆ ಬೆಳೆಯಿತು.

ಕೆಲಸದ ರೀತಿಯನ್ನು ತಿಳಿಯದೆ ಈ ಕಲೆಯ ಬೆಲೆಯನ್ನು ಕಟ್ಟುವುದು ಸಾಧ್ಯವಿಲ್ಲ. ಚಿತ್ರದ ಮಾತುಗಳನ್ನು ಮೊದಲು ಯಥಾವತ್ತಾಗಿ ಭಾಷಾಂತರಿಸಲಾಗುತ್ತದೆ. ಆ ಒರಟು ಭಾಷಾಂತರವನ್ನು ಸಂಭಾಷಣಾಕಾರನು ತುಟಿಯ ಚಲನೆಗೆ ಒಗ್ಗಿಸುತ್ತಾನೆ. ಪ, ಬ, ಮ ಎಂಬ ಓಷ್ಠ್ಯ ವ್ಯಂಜನಗಳನ್ನು ಉಚ್ಚರಿಸುವಾಗ ತುಟಿಗಳು ಮುಚ್ಚಿಕೊಳ್ಳುವುದು ಪ್ರೇಕ್ಷಕನಿಗೆ ಕಾಣುತ್ತದೆ. ಆದಕಾರಣ ಮೂಲದಲ್ಲಿ ತುಟಿ ಮುಚ್ಚಿದ ಕಡೆ ಜರ್ಮನಿನಲ್ಲಿಯೂ ಅಂಥದೊಂದು ಅಕ್ಷರ ಬೀಳಬೇಕು. ವಾಕ್ಯರಚನೆಯ ತೊಡಕೂ ಇದೆ. ಜರ್ಮನ್ ವಾಕ್ಯದಲ್ಲಿ ಕ್ರಿಯಾಪದವು ಎಷ್ಟೋ ವೇಳೆ ಕೊನೆಗೆ ಬರುತ್ತದೆ. ಇಂಗ್ಲಿಷ್ ನಟನು ವಾಕ್ಯದ ನಡುವಿನಲ್ಲಿ ಮೇಜನ್ನು ಗುದ್ದಿದರೆ ಆ ಗುದ್ದಿಗೆ ತಕ್ಕ ಪದ ಜರ್ಮನಿನಲ್ಲಿ ಇನ್ನೂ ಬಂದೇ ಇರುವುದಿಲ್ಲ. ಇವೆಲ್ಲಕ್ಕಿಂತ ಸೂಕ್ಷ್ಮವಾದದ್ದು ಸಂಬೋಧನೆಯ ಸಮಸ್ಯೆ. ಇಂಗ್ಲಿಷಿನಲ್ಲಿ ಎದುರಿನವನನ್ನು ಕರೆಯಲು ಇರುವುದು ಒಂದೇ ಸರ್ವನಾಮ. ಜರ್ಮನಿನಲ್ಲಿ ನಮ್ಮ ‘ನೀನು’, ‘ನೀವು’ಗಳಂತೆ ಎರಡು. ನಾಯಕ ನಾಯಿಕೆಯರು ಯಾವ ಘಳಿಗೆಯಲ್ಲಿ ಬಹುವಚನವನ್ನು ಬಿಟ್ಟು ಏಕವಚನಕ್ಕೆ ಇಳಿಯಬೇಕು, ಅಧಿಕಾರಿಯು ಕೈಕೆಳಗಿನವನನ್ನು ಹೇಗೆ ಕರೆಯಬೇಕು ಎಂಬುದನ್ನು ಮೂಲವು ಹೇಳುವುದಿಲ್ಲ. ಡಬ್ಬಿಂಗ್ ಮಾಡುವವರೇ ತೀರ್ಮಾನಿಸಬೇಕು. ಕನ್ನಡಿಗರಾದ ನಮಗೆ ಈ ತೀರ್ಮಾನದ ಭಾರವನ್ನು ವಿವರಿಸಿ ಹೇಳಬೇಕಾಗಿಲ್ಲ.

ಬಳಿಕ ಚಿತ್ರವನ್ನು ಕೆಲವೇ ಕ್ಷಣಗಳ ತುಣುಕುಗಳನ್ನಾಗಿ ವಿಭಜಿಸುತ್ತಾರೆ. ಇವುಗಳಿಗೆ ‘ಟೇಕ್’ ಎಂದು ಹೆಸರು. ಹಿಂದೆ ಪ್ರತಿಯೊಂದು ತುಣುಕಿನ ಫಿಲ್ಮಿನ ಎರಡು ತುದಿಗಳನ್ನೂ ಕೂಡಿಸಿ ಉಂಗುರ ಮಾಡಿ, ಅದು ಮತ್ತೆ ಮತ್ತೆ ಪರದೆಯ ಮೇಲೆ ಓಡುವಂತೆ ಮಾಡುತ್ತಿದ್ದರು. ನಟನು ಕತ್ತಲೆಯ ಕೊಠಡಿಯಲ್ಲಿ ಮೈಕಿನ ಮುಂದೆ ನಿಂತು, ಮೂಲದ ಧ್ವನಿಯನ್ನು ಕೇಳಿ, ತನ್ನ ಮಾತನ್ನು ನೆನಪಿಗೆ ತಂದುಕೊಂಡು, ಪರದೆಯ ಮೇಲಿನ ಮುಖದೊಡನೆ ಏಕಕಾಲದಲ್ಲಿ ನುಡಿಯಬೇಕು. ಕಥೆಯ ಕ್ರಮದಲ್ಲಿ ಅವನಿಗೆ ಮಾತು ದೊರೆಯುವುದಿಲ್ಲ. ಸಾವಿನ ದೃಶ್ಯ ಬೆಳಿಗ್ಗೆಯೂ ಮೊದಲ ಭೇಟಿಯ ದೃಶ್ಯ ಸಂಜೆಯೂ ಬರಬಹುದು. ಹಿಂದೆ ಒಂದು ದೃಶ್ಯದ ನಟರೆಲ್ಲರೂ ಒಟ್ಟಿಗೆ ನಿಂತು ಮಾತನಾಡುತ್ತಿದ್ದರು. ತಂತ್ರ ಬೆಳೆದಂತೆ ಒಬ್ಬೊಬ್ಬರನ್ನೇ ಕರೆದು ಮುದ್ರಿಸಿಕೊಳ್ಳುವುದು ರೂಢಿಯಾಯಿತು. ಪ್ರತ್ಯುತ್ತರ ಕೊಡುವವನು ಎದುರಿಗಿಲ್ಲದೆ ಉತ್ತರವನ್ನು ಆಡಬೇಕಾಯಿತು. ಸಂಬಳವೂ ದೀರ್ಘಕಾಲ ಟೇಕುಗಳ ಲೆಕ್ಕದಲ್ಲಿಯೇ ಇದ್ದಿತು. ನಾವು ಈ ಕೆಲಸವನ್ನು ‘ಕಂಠದಾನ’ ಎಂಬ ಘನವಾದ ಹೆಸರಿನಿಂದ ಕರೆಯುತ್ತೇವೆ. ಆದರೆ ಅಲ್ಲಿ ಅದು ದಾನವಾಗಿರಲಿಲ್ಲ, ತುಂಡುಲೆಕ್ಕದ ದುಡಿಮೆಯಾಗಿತ್ತು.

೪

ನಟನಾಗಿ ಶಿಕ್ಷಣ ಪಡೆದ ಡಾನೆಬರ್ಗ್ ಅವರು ೧೯೬೦ರ ದಶಕದಲ್ಲಿ ಈ ಕೊಠಡಿಗಳನ್ನು ಪ್ರವೇಶಿಸಿದರು. ಅವರಿಗೆ ಹೆಸರು ತಂದ ಮೊದಲ ದೊಡ್ಡ ಕೆಲಸವೆಂದರೆ ಇಟಲಿಯ ಟೆರೆನ್ಸ್ ಹಿಲ್ಲನ ಧ್ವನಿ. ೧೯೭೦ರ ದಶಕದಲ್ಲಿ ಟೆರೆನ್ಸ್ ಹಿಲ್ ಮತ್ತು ಬಡ್ ಸ್ಪೆನ್ಸರ್ ಜೋಡಿಯ ಹೊಡೆದಾಟದ ವಿನೋದ ಚಿತ್ರಗಳು ಜರ್ಮನಿಯಲ್ಲಿ ಅಪಾರ ಜನಪ್ರಿಯತೆಯನ್ನು ಪಡೆದವು. ಇದರಲ್ಲಿ ಸಂಭಾಷಣಾಕಾರ ರೈನರ್ ಬ್ರಾಂಟ್ ಅವರ ಪಾಲು ದೊಡ್ಡದು. ೧೯೭೨ರಲ್ಲಿ ‘ದಿ ಪರ್ಸ್ವೇಡರ್ಸ್’ ಎಂಬ ಇಂಗ್ಲಿಷ್ ದೂರದರ್ಶನ ಮಾಲಿಕೆ ಜರ್ಮನಿಗೆ ಬಂದಾಗ, ಬ್ರಾಂಟ್ ಅವರು ಮೂಲದಲ್ಲಿಲ್ಲದ ಚೇಷ್ಟೆಯ ಮಾತುಗಳನ್ನೂ ಬೀದಿಯ ನುಡಿಗಟ್ಟುಗಳನ್ನೂ ಅದರಲ್ಲಿ ತುಂಬಿ ಹೊಸದೊಂದು ಶೈಲಿಯನ್ನೇ ಹುಟ್ಟಿಸಿದ್ದರು. ಅದೇ ಶೈಲಿ ಹಿಲ್ ಮತ್ತು ಸ್ಪೆನ್ಸರರ ಚಿತ್ರಗಳಿಗೂ ಬಂದಿತು. ೧೯೬೭ರಲ್ಲಿ ತಯಾರಾದ ಅವರ ಒಂದು ಗಂಭೀರ ಪಶ್ಚಿಮಸೀಮೆಯ ಚಿತ್ರವನ್ನು ಮುಂದೆ ಕತ್ತರಿಸಿ, ಹೊಸ ಮಾತು ಹಾಕಿ, ನಗೆಚಿತ್ರವನ್ನಾಗಿ ಮತ್ತೆ ಬಿಡುಗಡೆ ಮಾಡಿದುದೂ ಉಂಟು. ‘ಕಾಸಾಬ್ಲಾಂಕ’ದಲ್ಲಿ ಮಾತು ಭಯದಿಂದ ಬದಲಾಯಿತು, ಇಲ್ಲಿ ವಿನೋದಕ್ಕಾಗಿ ಬದಲಾಯಿತು.

ಡಾನೆಬರ್ಗ್ ಅವರ ಪ್ರತಿಭೆಯ ವ್ಯಾಪ್ತಿಯನ್ನು ಅರಿಯಲು ಅವರ ಪಾತ್ರಗಳನ್ನು ಒಂದರ ಪಕ್ಕದಲ್ಲೊಂದು ಇಟ್ಟು ನೋಡಬೇಕು. ‘ಲೈಫ್ ಆಫ್ ಬ್ರಯನ್’ (೧೯೭೯) ಮತ್ತು ‘ಎ ಫಿಷ್ ಕಾಲ್ಡ್ ವಾಂಡ’ (೧೯೮೮) ಚಿತ್ರಗಳಲ್ಲಿ ಅವರು ಜಾನ್ ಕ್ಲೀಸನ ಬಿಗಿದುಕೊಂಡ, ಸಿಡಿಯಲು ಕಾದಿರುವ ಆಂಗ್ಲ ಮರ್ಯಾದಸ್ಥ; ‘ಬ್ಲೂಸ್ ಬ್ರದರ್ಸ್’ (೧೯೮೦) ಚಿತ್ರದಲ್ಲಿ ಡ್ಯಾನ್ ಆಕ್ರಾಯ್ಡನ ಭಾವರಹಿತ ಮಿತಭಾಷಿ; ‘ಪಲ್ಪ್ ಫಿಕ್ಷನ್’ (೧೯೯೪) ಚಿತ್ರದಲ್ಲಿ ಜಾನ್ ಟ್ರವೋಲ್ಟನ ಸೋಮಾರಿ ಮಾತುಗಾರ. ಇವೆಲ್ಲದರ ಜೊತೆಗೆ ೧೯೮೦ರ ದಶಕದಿಂದ ಸ್ಟಲೋನ್ ಮತ್ತು ಶ್ವಾರ್ಜನೆಗರ್ ಎಂಬ ಇಬ್ಬರು ಬಲಭೀಮರು. ೧೯೭೬ರ ‘ರಾಕಿ’ಯಲ್ಲಿ ಸ್ಟಲೋನನಿಗೆ ಮಾತು ಕೊಟ್ಟವರು ಯುರ್ಗೆನ್ ಪ್ರೋಖ್ನೋ, ಮುಂದೆ ಆ ಮುಖವು ಡಾನೆಬರ್ಗ್ ಅವರ ಪಾಲಿಗೆ ಬಂದಿತು. ಒಬ್ಬ ತಾರೆಗೆ ಒಬ್ಬನೇ ಕಂಠದಾನಿಯನ್ನು ವರ್ಷಗಟ್ಟಲೆ ಇಟ್ಟುಕೊಳ್ಳುವುದು ಜರ್ಮನಿಯ ಸಂಪ್ರದಾಯ. ಧ್ವನಿ ಬದಲಾದರೆ ಪ್ರೇಕ್ಷಕನಿಗೆ ತಾರೆಯೇ ಬದಲಾದಂತೆ ತೋರುತ್ತದೆ. ಈ ಸಂಪ್ರದಾಯಕ್ಕೂ ಒಂದು ಇಕ್ಕಟ್ಟಿದೆಯೆಂಬುದು, ಪ್ರತಿಸ್ಪರ್ಧಿಗಳೆನಿಸಿದ್ದ ಆ ಇಬ್ಬರು ನಟರೂ ೨೦೧೦ರ ‘ದಿ ಎಕ್ಸ್‌ಪೆಂಡಬಲ್ಸ್’ ಚಿತ್ರದಲ್ಲಿ ಎದುರುಬದುರು ನಿಂತಾಗ ಬಯಲಾಯಿತು: ಎರಡು ಮುಖಗಳು, ಜರ್ಮನ್ ಕಿವಿಗೆ ಅಭ್ಯಾಸವಾಗಿದ್ದ ಕಂಠ ಒಂದೇ.

ಇಲ್ಲಿ ನಾವು ಒಂದು ವಿಚಿತ್ರವನ್ನು ಲಕ್ಷಿಸಬೇಕು. ಡಾನೆಬರ್ಗ್ ಅವರು ಜರ್ಮನ್ ಮಾತು ಕೊಟ್ಟ ನಟರಲ್ಲಿ ಇಬ್ಬರಿಗೆ ಜರ್ಮನ್ ಬಾರದೆ ಇರಲಿಲ್ಲ. ಟೆರೆನ್ಸ್ ಹಿಲ್ಲನ ನಿಜನಾಮ ಮಾರಿಯೋ ಜಿರೊಟ್ಟಿ, ತಾಯಿ ಜರ್ಮನಳು, ಬಾಲ್ಯದ ಕೆಲವು ವರ್ಷಗಳನ್ನು ಆತ ಸ್ಯಾಕ್ಸನಿಯಲ್ಲಿ ಕಳೆದವನು. ಶ್ವಾರ್ಜನೆಗರನಂತೂ ೧೯೪೭ರಲ್ಲಿ ಆಸ್ಟ್ರಿಯದ ಗ್ರಾತ್ಸ್ ನಗರದ ಬಳಿ ತಾಲ್ ಎಂಬ ಹಳ್ಳಿಯಲ್ಲಿ ಹುಟ್ಟಿದವನು. ಅವನ ಮಾತೃಭಾಷೆಯೇ ಜರ್ಮನ್. ಹಾಗಿದ್ದೂ ಜರ್ಮನ್ ಪ್ರೇಕ್ಷಕರು ಅವನ ಚಿತ್ರಗಳಲ್ಲಿ ಕೇಳಿದುದು ಬರ್ಲಿನ್ನಿನವರೊಬ್ಬರ ಜರ್ಮನನ್ನು. ಅಮೆರಿಕದಲ್ಲಿಯೂ ಅವನ ಗತಿ ಮೊದಮೊದಲು ಇದೇ ಆಗಿದ್ದಿತು. ೧೯೭೦ರ ‘ಹರ್ಕ್ಯುಲಿಸ್ ಇನ್ ನ್ಯೂಯಾರ್ಕ್’ ಎಂಬ ಅವನ ಮೊದಲ ಚಿತ್ರದಲ್ಲಿ ಉಚ್ಚಾರದ ದೋಷಕ್ಕಾಗಿ ಅವನ ಇಂಗ್ಲಿಷನ್ನು ತೆಗೆದು ಬೇರೊಬ್ಬರ ಧ್ವನಿಯನ್ನು ಸೇರಿಸಲಾಗಿತ್ತು. ಅಮೆರಿಕದ ಪ್ರೇಕ್ಷಕರು ಮುಂದೆ ಆ ಉಚ್ಚಾರವನ್ನೇ ಮೆಚ್ಚಿಕೊಂಡರು. ಅವನ ಸ್ವಂತ ಭಾಷೆಯ ಚಿತ್ರಮಂದಿರಗಳು ಮಾತ್ರ ಅದನ್ನು ಒಳಗೆ ಬಿಡಲಿಲ್ಲ.

ಇದರ ಕಾರಣವನ್ನು ಜರ್ಮನ್ ರಂಗಭೂಮಿಯ ಚರಿತ್ರೆಯಲ್ಲಿ ಹುಡುಕಬೇಕು. ಪ್ರಾಂತಭೇದಗಳಿಂದ ತುಂಬಿದ ಆ ಭಾಷೆಗೆ ೧೮೯೮ರಲ್ಲಿ ಥಿಯೋಡೋರ್ ಜೀಬ್ಸ್ ಎಂಬ ಪಂಡಿತನು ರಂಗಭೂಮಿಯ ಉಚ್ಚಾರಕ್ಕೆ ಒಂದು ನಿಯಮಗ್ರಂಥವನ್ನು ರಚಿಸಿದನು. ಯಾವ ಊರಿಗೂ ಸೇರದ, ಆದುದರಿಂದಲೇ ಎಲ್ಲ ಊರಿಗೂ ಸಲ್ಲುವ ಈ ರಂಗಜರ್ಮನ್, ಬಾನುಲಿಗೂ ವಾಕ್ಚಿತ್ರಕ್ಕೂ ಮಾದರಿಯಾಯಿತು. ಡಬ್ಬಿಂಗಿನ ಭಾಷೆ ಅದರ ವಂಶದ್ದು. ಭವಿಷ್ಯದಿಂದ ಬಂದ ಯಂತ್ರಮಾನವನು ಸ್ಟೈರಿಯ ಸೀಮೆಯ ಹಳ್ಳಿಯ ಧಾಟಿಯಲ್ಲಿ ಮಾತನಾಡಿದರೆ ಪ್ರೇಕ್ಷಕನು ಭಯಪಡುವ ಬದಲು ನಕ್ಕುಬಿಡುವನೆಂಬ ಶಂಕೆ ಅದರೊಳಗೆ ಅಡಗಿದೆ. ಡಾನೆಬರ್ಗ್ ಅವರ ಕಂಠವು ಶ್ವಾರ್ಜನೆಗರನ ಊರನ್ನು ಅಳಿಸಿ ಅವನನ್ನು ಜರ್ಮನರಿಗೆ ಪೂರ್ಣ ಅಮೆರಿಕನನ್ನಾಗಿ ಮಾಡಿತು. ಪರಕೀಯನನ್ನು ಸ್ವಕೀಯನನ್ನಾಗಿಸುವುದು ಡಬ್ಬಿಂಗಿನ ಕೆಲಸವೆಂದು ನಾವು ಸಾಮಾನ್ಯವಾಗಿ ತಿಳಿಯುತ್ತೇವೆ. ಇಲ್ಲಿ ಅದು ಸ್ವಕೀಯನನ್ನೇ ಪರಕೀಯನನ್ನಾಗಿಸಿತು. ಬರಿಯ ಓದುಗಾರಿಕೆಯಿಂದ ಇಂತಹ ಕಾರ್ಯ ನೆರವೇರಲಾರದು. ಮೂರು ದಶಕಗಳಿಗೂ ಮಿಕ್ಕಿ ಒಬ್ಬ ವ್ಯಕ್ತಿಯ ವಾಕ್‌ಸ್ವರೂಪವನ್ನು ಕಲ್ಪಿಸಿ ಕಾಪಾಡುವುದು ನಟನೆಯಲ್ಲದೆ ಬೇರೆಯಲ್ಲ.

೫

ಇದಕ್ಕೆ ಆಕ್ಷೇಪವೂ ಇದೆ, ಅದು ಅಲಕ್ಷಿಸತಕ್ಕದ್ದಲ್ಲ. ನಟನ ಧ್ವನಿ ಅವನ ದೇಹದ ಒಂದು ಅಂಗ; ಅದನ್ನು ತೆಗೆದು ಇನ್ನೊಂದನ್ನು ಜೋಡಿಸಿದರೆ ಕಲಾಕೃತಿಯು ಭಗ್ನವಾಗುವುದೆಂಬುದು ಒಂದು ವಾದ. ‘ಕಾಸಾಬ್ಲಾಂಕ’ದ ಉದಾಹರಣೆ ಈ ವಾದಕ್ಕೆ ಬಲವನ್ನು ಕೊಡುತ್ತದೆ. ಅಡಿಬರಹವಿದ್ದಲ್ಲಿ ಮೂಲದ ಮಾತು ಕಿವಿಗೆ ಬೀಳುತ್ತಲೇ ಇರುತ್ತದೆ. ಸುಳ್ಳು ಹೇಳಿದರೆ ಬಲ್ಲವನು ಹಿಡಿಯಬಲ್ಲನು. ಡಬ್ಬಿಂಗಿನಲ್ಲಿ ಸಾಕ್ಷಿಯೇ ಉಳಿಯುವುದಿಲ್ಲ. ಕಂಠದಾನಿಯ ಕಲೆ ಎಷ್ಟು ಪರಿಪೂರ್ಣವೋ ಮೋಸವೂ ಅಷ್ಟು ಪರಿಪೂರ್ಣವಾಗಬಹುದು. ಅಡಿಬರಹವನ್ನು ಓದಲಾರದವರಿಗೂ ಮಕ್ಕಳಿಗೂ ಲೋಕದ ಚಿತ್ರಗಳನ್ನು ತೆರೆದಿಟ್ಟುದು ಡಬ್ಬಿಂಗೇ ಎಂಬುದು ಇದಕ್ಕೆ ಪ್ರತಿಯಾಗಿ ಹೇಳಬಹುದಾದ ಮಾತು. ಎರಡನ್ನೂ ತೂಗಿ ನೋಡಿದರೆ, ದೋಷವು ಕಲೆಯದಲ್ಲ, ಅದನ್ನು ಮರೆಯಲ್ಲಿಟ್ಟ ಪದ್ಧತಿಯದು ಎಂದು ನಮಗೆ ತೋರುತ್ತದೆ. ಮಾತನ್ನು ಬರೆದವರು ಯಾರು, ಆಡಿದವರು ಯಾರು ಎಂಬುದು ಬಹಿರಂಗವಾದಲ್ಲಿ ಹೊಣೆಗಾರಿಕೆಯೂ ಬಹಿರಂಗವಾಗುತ್ತದೆ. ಹೆಸರಿಲ್ಲದವನಿಗೆ ಕೀರ್ತಿಯೂ ಇಲ್ಲ, ಜವಾಬುದಾರಿಯೂ ಇಲ್ಲ.

ಹೆಸರಿನ ಈ ಪ್ರಶ್ನೆ ಕೊನೆಗೆ ನ್ಯಾಯಾಲಯವನ್ನೇ ಮುಟ್ಟಿತು. ‘ಪೈರೇಟ್ಸ್ ಆಫ್ ದಿ ಕೆರಿಬಿಯನ್’ ಮಾಲೆಯ ಮೊದಲ ಮೂರು ಚಿತ್ರಗಳಲ್ಲಿ (೨೦೦೩, ೨೦೦೬, ೨೦೦೭) ಜಾನಿ ಡೆಪ್ ಅಭಿನಯಿಸಿದ ನಾಯಕ ಪಾತ್ರಕ್ಕೆ ಜರ್ಮನ್ ಮಾತನ್ನು ಕೊಟ್ಟವರು ಮಾರ್ಕುಸ್ ಓಫ್. ಚಿತ್ರಗಳು ಅಪಾರ ಲಾಭವನ್ನು ಗಳಿಸಿದಾಗ, ತಮಗೆ ದೊರೆತ ಸಂಭಾವನೆ ಆ ಲಾಭಕ್ಕೆ ಹೋಲಿಸಿದರೆ ತೀರ ಅಲ್ಪವೆಂದು ಅವರು ಹಕ್ಕೊತ್ತಾಯ ಹೂಡಿದರು. ಜರ್ಮನಿಯ ಕೃತಿಸ್ವಾಮ್ಯದ ಕಾನೂನಿನಲ್ಲಿ, ಕೃತಿಯ ಯಶಸ್ಸಿಗೂ ಕಲಾವಿದನಿಗೆ ಸಂದ ಹಣಕ್ಕೂ ಎದ್ದುಕಾಣುವ ಅಂತರವಿದ್ದರೆ ಹೆಚ್ಚುವರಿ ಪಾಲನ್ನು ಕೇಳುವ ಅವಕಾಶವಿದೆ. ಆದರೆ ಕಂಠದಾನಿ ಆ ಅರ್ಥದಲ್ಲಿ ಕಲಾವಿದನೇ? ಅವನ ಕೊಡುಗೆ ಗಣನೆಗೆ ಬರುವಷ್ಟು ದೊಡ್ಡದೇ? ಮುಖ್ಯ ಪಾತ್ರಕ್ಕೆ ಮಾತು ಕೊಟ್ಟವನ ಕೊಡುಗೆಯನ್ನು ಕೇವಲ ಗೌಣವೆಂದು ತಳ್ಳಿಹಾಕುವಂತಿಲ್ಲವೆಂದು ಜರ್ಮನಿಯ ಸಂಯುಕ್ತ ಸರ್ವೋಚ್ಚ ನ್ಯಾಯಾಲಯವು ೨೦೧೨ರ ಮೇ ತಿಂಗಳಿನಲ್ಲಿ ತೀರ್ಪಿತ್ತಿತು. ೨೦೧೬ರಲ್ಲಿ ಬರ್ಲಿನ್ನಿನ ಉಚ್ಚ ನ್ಯಾಯಾಲಯವು ಅವರಿಗೆ ಸುಮಾರು ೧,೮೦,೦೦೦ ಯುರೋಗಳನ್ನು ಕೊಡಿಸಿತು. ಆ ಹೊತ್ತಿಗೆ ೨೦೧೧ರ ನಾಲ್ಕನೆಯ ಚಿತ್ರದಿಂದ ಆ ಪಾತ್ರದ ಜರ್ಮನ್ ಧ್ವನಿ ಬೇರೊಬ್ಬರದಾಗಿತ್ತು.

ಡಾನೆಬರ್ಗ್ ಅವರು ಈ ಮೊಕದ್ದಮೆಯಲ್ಲಿ ಪಕ್ಷಗಾರರಲ್ಲ. ಆದರೂ ಅವರ ತಲೆಮಾರಿನವರು ಟೇಕುಗಳ ಲೆಕ್ಕದಲ್ಲಿ ಅರ್ಧ ಶತಮಾನ ದುಡಿದು ಪ್ರೇಕ್ಷಕರ ಕಿವಿಯಲ್ಲಿ ಸ್ಥಾಪಿಸಿದ್ದುದನ್ನೇ ನ್ಯಾಯಾಲಯವು ಕಾನೂನಿನ ಭಾಷೆಯಲ್ಲಿ ಒಪ್ಪಿಕೊಂಡಿತೆನ್ನಬೇಕು.

ಆರೋಗ್ಯದ ಕಾರಣದಿಂದ ಡಾನೆಬರ್ಗ್ ಅವರು ೨೦೧೦ರ ದಶಕದ ಕೊನೆಯ ಹೊತ್ತಿಗೆ ವೃತ್ತಿಯಿಂದ ನಿವೃತ್ತರಾದರು. ಅವರ ತಾರೆಗಳು ಇನ್ನೂ ಅಭಿನಯಿಸುತ್ತಿದ್ದರು. ಜರ್ಮನ್ ಪ್ರೇಕ್ಷಕರು ಹಳೆಯ ಮುಖಗಳಿಂದ ಹೊಸ ಧ್ವನಿಗಳನ್ನು ಕೇಳಬೇಕಾಯಿತು. ಇಷ್ಟು ವರ್ಷ ತಾವು ಕೇಳಿದುದು ತಾರೆಯನ್ನಲ್ಲ, ಬರ್ಲಿನ್ನಿನ ಒಬ್ಬ ನಟನನ್ನು ಎಂಬುದು ಅನೇಕರಿಗೆ ಅರಿವಾದುದು ಆ ಧ್ವನಿ ನಿಂತಾಗಲೇ. ೨೦೨೦ರ ದಶಕದಲ್ಲಿ ಯಂತ್ರಗಳು ಮಾನವಕಂಠವನ್ನು ಅನುಕರಿಸುವ ಸಾಮರ್ಥ್ಯವನ್ನು ಪಡೆದಿವೆ. ತಮ್ಮ ಧ್ವನಿಮುದ್ರಣಗಳನ್ನು ತಮ್ಮ ಒಪ್ಪಿಗೆಯಿಲ್ಲದೆ ಯಂತ್ರಗಳಿಗೆ ಪಾಠವಾಗಿ ಬಳಸಕೂಡದೆಂದು ಜರ್ಮನಿಯ ಕಂಠದಾನ ಕಲಾವಿದರು ಒತ್ತಾಯಿಸುತ್ತಿದ್ದಾರೆ. ಧ್ವನಿ ಯಾರದೆಂಬ ಹಳೆಯ ಪ್ರಶ್ನೆ ಹೊಸ ವೇಷದಲ್ಲಿ ಮರಳಿ ಬಂದಿದೆ.

ಚಲನಚಿತ್ರವನ್ನು ಚರಿತ್ರೆಯ ಆಕರವಾಗಿ ಬಳಸುವ ವಿದ್ಯಾರ್ಥಿಗಳಿಗೆ ಈ ವೃತ್ತಾಂತದಿಂದ ಒಂದು ಪಾಠವಿದೆ. ಗ್ರಂಥವೊಂದನ್ನು ಉದಾಹರಿಸುವಾಗ ಅದು ಯಾವ ಮುದ್ರಣ, ಯಾರ ಅನುವಾದ ಎಂದು ನಾವು ತಪ್ಪದೆ ನಮೂದಿಸುತ್ತೇವೆ. ಚಿತ್ರದ ವಿಷಯದಲ್ಲಿಯೂ ಅದು ಯಾವ ಭಾಷೆಯ, ಯಾವ ವರ್ಷದ ಆವೃತ್ತಿ, ಮಾತು ಬರೆದವರು ಯಾರು, ಆಡಿದವರು ಯಾರು ಎಂದು ನಮೂದಿಸುವ ಶಿಸ್ತು ಬೆಳೆಯಬೇಕು. ೧೯೫೨ರ ‘ಕಾಸಾಬ್ಲಾಂಕ’ವನ್ನು ನೋಡಿದವನೂ ೧೯೭೫ರದನ್ನು ನೋಡಿದವನೂ ಒಂದೇ ಚಿತ್ರವನ್ನು ನೋಡಿದರೆಂದು ಬರೆಯುವ ಚರಿತ್ರಕಾರನು ತಪ್ಪು ಬರೆದಂತೆ. ಶ್ವಾರ್ಜನೆಗರನನ್ನು ಜರ್ಮನರು ಹೇಗೆ ಕಂಡರೆಂದು ಬರೆಯಹೊರಟವನು ಡಾನೆಬರ್ಗ್ ಅವರ ಹೆಸರನ್ನು ಬಿಟ್ಟರೆ ಅದೂ ಅಂತಹ ತಪ್ಪೇ.